ನಮ್ಮ ಕಡಲತಡಿಯನ್ನು ಕಂಡುಹೋದ ಖಾಝಿ

ನನ್ನ ಉಪ್ಪಾಪ 1974ರಲ್ಲಿ ಹಜ್ಜ್‌ಗೆ ಹೋಗಿದ್ದರು. ಆಗ ಮುಂಬೈಯಿಂದ ಜಿದ್ದಾಕ್ಕೆ ಹಡಗು. ಮಂಜೇಶ್ವರದ ನಮ್ಮ ಮನೆಯಿಂದ ಹೊರಡುವ ದಿನ ಊರಿಗೆ ಊರೇ ಅಂಗಳದಲ್ಲಿ ನಿಂತಿತ್ತಂತೆ. ಹೋದವರು ತಿರುಗಿ ಬರುತ್ತಾರೆಂಬ ಭರವಸೆ ಯಾರಿಗೂ ಇಲ್ಲದ ಕಾಲ. ಒಬ್ಬೊಬ್ಬರನ್ನೂ ಅಪ್ಪಿಕೊಂಡು, ತಪ್ಪು ಮಾಡಿದ್ದರೆ ಮಾಫು ಮಾಡಿ ಎಂದು ಕೇಳಿಕೊಂಡು ಹೊರಟರಂತೆ. ಟ್ರಂಕಿನಲ್ಲಿ ಕುಚ್ಚಲಕ್ಕಿ, ಅವಲಕ್ಕಿ, ಮಾವಿನ ಉಪ್ಪಿನಕಾಯಿಯ ಭರಣಿ, ಒಣಮೀನು. ಉಪ್ಪಾಪನದ್ದು ಒಣಮೀನಿನ ವ್ಯಾಪಾರವೇ ಆಗಿತ್ತು.

ಎರಡು ವರ್ಷದ ಹಿಂದೆ ಹಳೆ ಮನೆಯ ಹಂಚು ಬದಲಿಸುವಾಗ ಅಟ್ಟದಿಂದ ಅದೇ ಟ್ರಂಕು ಕೆಳಗಿಳಿಯಿತು. ಅದರಲ್ಲಿ ಉದ್ದನೆಯ ಒಂದು ಲೆಕ್ಕದ ಪುಸ್ತಕ. ಭಾಷೆ ಬ್ಯಾರಿ, ಅಕ್ಷರ ಕನ್ನಡ. ಮೂರನೇ ಕ್ಲಾಸಿನವರೆಗೆ ಕನ್ನಡ ಶಾಲೆಗೆ ಹೋದವರ ಕೈಬರಹ. ಹಜ್ಜ್ ಪ್ರಯಾಣದ ಪುಸ್ತಕ ಎಂದು ತಿಳಿದಾಗ ನನ್ನ ಕೈ ನಡುಗಿತು. ಕೂತು ಓದಿದೆ. ಹಗ್ಗ ಎಷ್ಟಕ್ಕೆ, ಕೂಲಿ ಎಷ್ಟು, ಈರುಳ್ಳಿ ಎಷ್ಟು ಸೇರು, ಬಸ್ಸಿಗೆ ಎಷ್ಟು ರಿಯಾಲ್. ಪುಟದಿಂದ ಪುಟಕ್ಕೆ ಬರೀ ಲೆಕ್ಕ. ಸಮುದ್ರ ದಾಟಿ, ಜಗತ್ತಿನ ಎಲ್ಲ ಬಣ್ಣದ ಜನರ ನಡುವೆ ತಿಂಗಳುಗಟ್ಟಲೆ ಇದ್ದು ಬಂದ ಮನುಷ್ಯ ಏನು ನೋಡಿದರು, ಏನನ್ನಿಸಿತು ಎಂಬುದು ಎಲ್ಲೂ ಇಲ್ಲ. 'ಬ್ಯಾರ' ಮಾಡುವವನೇ ಬ್ಯಾರಿ ಎಂದು ನಮ್ಮ ಹೆಸರಿಗೆ ಅರ್ಥ ಹೇಳುತ್ತಾರಲ್ಲ, ಅದು ನಿಜವೇ ಎಂದು ಅವತ್ತು ಸಿಟ್ಟು ಬಂತು.

ಸಿಟ್ಟಿಗೆ ಕಾರಣವಿತ್ತು. ನಮ್ಮ ದೀನಿನಲ್ಲಿ ಯಾತ್ರೆಗೂ ಬರವಣಿಗೆಗೂ ಹಳೆಯ ನಂಟು. ಅರಬಿಯಲ್ಲಿ 'ರಿಹ್ಲ' ಎಂಬ ಒಂದು ಪ್ರಕಾರವೇ ಇದೆ. ರಿಹ್ಲ ಎಂದರೆ ಪ್ರಯಾಣ, ಪ್ರಯಾಣದ ಪುಸ್ತಕಕ್ಕೂ ಅದೇ ಹೆಸರು. ಬಹಳಷ್ಟು ರಿಹ್ಲಗಳು ಹಜ್ಜ್‌ನಿಂದ ಹುಟ್ಟಿದವು. ಮಕ್ಕಾಕ್ಕೆ ಹೊರಟವನು ದಾರಿಯಲ್ಲಿ ಕಂಡದ್ದನ್ನು ಬರೆದಿಡುತ್ತಾನೆ. ಕಾಣುವುದು ಮಸೀದಿ, ಮಜಾರು ಮಾತ್ರವಲ್ಲ. ಸಂತೆ, ಸುಂಕದ ಕಟ್ಟೆ, ಅಡುಗೆ, ಬೇರೆಯವರ ಚರ್ಚು, ಬೇರೆಯವರ ಮದುವೆ.

ಗ್ರಾನಡಾದ ಇಬ್ನ್ ಜುಬೈರ್ ಎಂಬವರು 1183ರಲ್ಲಿ ಹೊರಟು 1185ರಲ್ಲಿ ಮರಳಿದರು. ಅವರದ್ದು ಸರಕಾರಿ ಗುಮಾಸ್ತಿಕೆ. ಗವರ್ನರು ಬಲವಂತದಿಂದ ಏಳು ಬಟ್ಟಲು ಮದ್ಯ ಕುಡಿಸಿದನಂತೆ, ಆಮೇಲೆ ಪಶ್ಚಾತ್ತಾಪಪಟ್ಟು ಅದೇ ಬಟ್ಟಲಿನಲ್ಲಿ ಏಳು ಸಲ ಚಿನ್ನದ ನಾಣ್ಯ ತುಂಬಿ ಕೊಟ್ಟನಂತೆ, ಆ ಹಣದಿಂದಲೇ ಪ್ರಾಯಶ್ಚಿತ್ತದ ಹಜ್ಜ್ ಎಂದು ಒಂದು ಕಥೆ ಇದೆ. ಕಥೆ ಹೇಗೂ ಇರಲಿ, ಪುಸ್ತಕ ಮಾತ್ರ ಅಪರೂಪದ್ದು. ಅದು ಶಿಲುಬೆ ಯುದ್ಧಗಳ ಕಾಲ. ಪ್ಯಾಲಸ್ತೀನಿನ ಕರಾವಳಿ ಫ್ರಾಂಕರ ಕೈಯಲ್ಲಿತ್ತು. ಆ ದಾರಿಯಲ್ಲಿ ಬರುವಾಗ ಇಬ್ನ್ ಜುಬೈರ್ ಒಂದು ಸಂಗತಿಯನ್ನು ಕಂಡು ಸಂಕಟಪಡುತ್ತಾರೆ. ಫ್ರಾಂಕರ ಕೈಕೆಳಗಿನ ಮುಸ್ಲಿಮ್ ರೈತರು, ಮುಸ್ಲಿಮ್ ಒಡೆಯರ ಕೈಕೆಳಗಿನ ರೈತರಿಗಿಂತ ನೆಮ್ಮದಿಯಾಗಿದ್ದಾರೆ! ವೈರಿಯ ಮೇಲೆ ಶಾಪ ಹಾಕುತ್ತಲೇ ಅವರು ಇದನ್ನು ಬರೆದರು, ಮುಚ್ಚಿಡಲಿಲ್ಲ. ವಾಪಸಾಗುವಾಗ ಸಿಸಿಲಿಯ ಮೆಸ್ಸಿನಾದ ಹತ್ತಿರ ಅವರ ಹಡಗು ಒಡೆಯಿತು. ದಡಕ್ಕೆ ಸೇರಿಸಲು ದೋಣಿಯವರು ದುಡ್ಡು ಕೇಳಿದರು. ಕೊಡಲು ಗತಿಯಿಲ್ಲದ ಬಡ ಮುಸ್ಲಿಮರು ಹಡಗಿನಲ್ಲೇ ಉಳಿದಿದ್ದರು. ಆಗ ಕ್ರೈಸ್ತ ದೊರೆ ವಿಲಿಯಂ ತಾನೇ ಹಣ ಕೊಟ್ಟು ಅವರನ್ನು ಇಳಿಸಿದ. ಅದನ್ನೂ ಅವರು ಹಾಗೆಯೇ ದಾಖಲಿಸಿದ್ದಾರೆ.

ಈಗ ನಮ್ಮ ಕಡಲಿಗೆ ಬರೋಣ.

ಮೊರೊಕ್ಕೊದ ತಾಂಜಿಯರ್ ಪಟ್ಟಣದಲ್ಲಿ 1304ರಲ್ಲಿ ಹುಟ್ಟಿದ ಇಬ್ನ್ ಬತೂತ 21ನೇ ವಯಸ್ಸಿನಲ್ಲಿ ಹಜ್ಜ್‌ಗೆಂದು ಒಬ್ಬರೇ ಮನೆ ಬಿಟ್ಟರು. ಹಜ್ಜ್ ಮುಗಿಯಿತು, ಪ್ರಯಾಣ ಮುಗಿಯಲಿಲ್ಲ. 1333ರಲ್ಲಿ ಸಿಂಧೂ ನದಿಯ ಬಳಿಗೆ ಬಂದು, ದಿಲ್ಲಿಯಲ್ಲಿ ಮುಹಮ್ಮದ್ ಬಿನ್ ತುಘಲಕನ ಖಾಝಿಯಾದರು. ಅವರು ಮಾಲಿಕೀ ಮದ್‌ಹಬಿನವರು, ದಿಲ್ಲಿಯವರು ಹನಫಿಗಳು, ಭಾಷೆಯೂ ಸರಿಯಾಗಿ ಬಾರದು. ಆದರೂ ಖಾಝಿ! ಕೊನೆಗೆ ಸುಲ್ತಾನ ಅವರನ್ನು ಚೀನಾಕ್ಕೆ ರಾಯಭಾರಿಯಾಗಿ ಕಳುಹಿಸಿದ. ಹಾಗೆ 1342ರ ಸುಮಾರಿಗೆ ಖಂಭಾತ್ ಕಡೆಯಿಂದ ಹಡಗಿನಲ್ಲಿ ಗೋವಾ, ಹೊನ್ನಾವರ, ಬಸ್ರೂರು, ಬಾರಕೂರು, ಮಂಗಳೂರು ದಾಟಿ ಕಲ್ಲಿಕೋಟೆಗೆ ಇಳಿದರು. ಅವರ ಬಾಯಲ್ಲಿ ಹೊನ್ನಾವರ 'ಹಿನವ್ರ್', ಬಸ್ರೂರು 'ಅಬೂ ಸರೂರ್', ಬಾರಕೂರು 'ಫಾಕನೂರ್', ಮಂಗಳೂರು 'ಮಂಜರೂರ್'.

ಮಹದಿ ಹುಸೇನ್ ಮಾಡಿದ ಇಂಗ್ಲಿಷ್ ಅನುವಾದ 1953ರಲ್ಲಿ ಬರೋಡಾದಿಂದ ಪ್ರಕಟವಾಗಿದೆ. ನಮ್ಮ ಕರಾವಳಿಯ ಭಾಗ ಕೆಲವೇ ಪುಟ. ಅದನ್ನು ನಾನು ಎಷ್ಟು ಸಲ ಓದಿದ್ದೇನೋ ಲೆಕ್ಕವಿಲ್ಲ.

ಊರಿಗೆ ಇಳಿದ ಕೂಡಲೇ ಅವರು ನೋಡುವುದು ದೀನಿನ ಸಂಗತಿಗಳನ್ನು. ಮಸೀದಿ ಎಲ್ಲಿದೆ, ಖಾಝಿ ಯಾರು, ಜನ ಯಾವ ಮದ್‌ಹಬಿನವರು. ಬಸ್ರೂರಿನಲ್ಲಿ ಅಬೂ ಸಿತ್ತ ಎಂದು ಕರೆಸಿಕೊಳ್ಳುತ್ತಿದ್ದ ಒಬ್ಬ ಹಿರಿಯರು ತಮ್ಮ ಆಸ್ತಿಯನ್ನೆಲ್ಲ ಬಡವರಿಗೆ ಖರ್ಚು ಮಾಡಿ ಬರಿಗೈಯಾಗಿದ್ದರು ಎಂದು ಬರೆಯುತ್ತಾರೆ. ಆದರೆ ಕಣ್ಣು ಅಲ್ಲಿಗೇ ನಿಲ್ಲುವುದಿಲ್ಲ. ಬಾರಕೂರಿನ ಕಬ್ಬಿಗೆ ಸಾಟಿಯಿಲ್ಲ ಎನ್ನುತ್ತಾರೆ. (ಬ್ರಹ್ಮಾವರದ ಸಕ್ಕರೆ ಕಾರ್ಖಾನೆ ನಡೆದು ಮುಚ್ಚಿದ್ದನ್ನು ಕಂಡ ನಮಗೆ ಈ ಸಾಲು ಓದುವಾಗ ನಗು ಬರುತ್ತದೆ, ಬೇಸರವೂ ಆಗುತ್ತದೆ.) ಅಲ್ಲಿನ ಅರಸ 'ಬಾಸದೇವ್', ಎಂದರೆ ವಾಸುದೇವ. ಅವನ ನೌಕಾಪಡೆಯಲ್ಲಿ 30 ಯುದ್ಧದ ಹಡಗುಗಳು, ಅವುಗಳ ನಾಯಕ ಲೂಲಾ ಎಂಬ ಮುಸ್ಲಿಮ. ತನ್ನ ದೀನಿನವನೆಂದು ಇಬ್ನ್ ಬತೂತ ಅವನನ್ನು ಹೊಗಳುವುದಿಲ್ಲ. ಅವನು ಕೆಟ್ಟವನು, ಕಡಲ್ಗಳ್ಳ, ವ್ಯಾಪಾರಿಗಳನ್ನು ದೋಚುವವನು ಎಂದು ನೇರವಾಗಿ ಹೇಳುತ್ತಾರೆ.

ಹೊನ್ನಾವರದಲ್ಲಿ ಸುಲ್ತಾನ ಜಮಾಲುದ್ದೀನನ ಮನೆಯ ಊಟವನ್ನು ವಿವರಿಸುವ ಭಾಗವಂತೂ ನಮ್ಮ ಉಮ್ಮಂದಿರು ಓದಿದರೆ ನಕ್ಕಾರು. ತಾಮ್ರದ ತಟ್ಟೆ, ಅದಕ್ಕೆ 'ತಾಲಂ' ಎಂಬ ಹೆಸರು. ಸೌಟಿನಲ್ಲಿ ಅನ್ನ, ಮೇಲೆ ತುಪ್ಪ, ಬದಿಗೆ ಉಪ್ಪಿನಕಾಯಿ ಹಾಕಿದ ಕರಿಮೆಣಸು, ಹಸಿ ಶುಂಠಿ, ಲಿಂಬೆ, ಮಾವು. ಆಮೇಲೆ ಕೋಳಿ, ಪುನಃ ಅನ್ನ, ಪುನಃ ಬೇರೆ ಪದಾರ್ಥ, ಪುನಃ ಅನ್ನ. ಕೊನೆಗೆ ಮೊಸರು. ಎಂದರೆ 680 ವರ್ಷಗಳಿಂದ ನಮ್ಮ ಬಡಿಸುವ ಕ್ರಮ ಹೆಚ್ಚೇನೂ ಬದಲಾಗಿಲ್ಲ. ಪಾಪ, ರೊಟ್ಟಿ ತಿಂದು ಬೆಳೆದ ಮನುಷ್ಯ. ಇನ್ನೊಮ್ಮೆ ಬಂದಾಗ 11 ತಿಂಗಳು ಇಲ್ಲೇ ಇದ್ದು ಒಂದು ತುಂಡು ರೊಟ್ಟಿ ಕಾಣಲಿಲ್ಲ. ಆಮೇಲೆ ಮಾಲ್ದೀವು, ಸಿಂಹಳ, ಮಲಬಾರು ಎಂದು ಮೂರು ವರ್ಷ ಅನ್ನವನ್ನೇ ತಿಂದು, ಕೊನೆಕೊನೆಗೆ ನೀರು ಕುಡಿದು ಕುಡಿದು ತುತ್ತನ್ನು ಗಂಟಲಿಗಿಳಿಸುತ್ತಿದ್ದೆ ಎಂದು ಒಪ್ಪಿಕೊಳ್ಳುತ್ತಾರೆ.

ಅದೇ ಹೊನ್ನಾವರದಲ್ಲಿ ಅವರು ಇನ್ನೊಂದು ಲೆಕ್ಕ ಹಾಕಿದರು. ಹುಡುಗರಿಗೆ 23 ಓದುಶಾಲೆಗಳು, ಹುಡುಗಿಯರಿಗೆ 13. ಹೆಂಗಸರಿಗೆಲ್ಲ ಕುರ್‌ಆನ್ ಬಾಯಿಪಾಠ. ಇಂಥದ್ದನ್ನು ಬೇರೆಲ್ಲೂ ನೋಡಲಿಲ್ಲ ಎನ್ನುತ್ತಾರೆ. ತಾಂಜಿಯರಿನಿಂದ ದಿಲ್ಲಿಯವರೆಗೆ, ಕೈರೋ, ದಮಸ್ಕ, ಮಕ್ಕಾ, ಬುಖಾರಾ ಎಲ್ಲವನ್ನೂ ಕಂಡವರ ಮಾತು ಇದು. ಆ ಊರಿನವರು ಬ್ಯಾರಿಗಳಲ್ಲ, ಆ ಕಡೆ ಈಗ ಇರುವವರು ನವಾಯತರು, ಅದು ಬೇರೆ ಮಾತು. ಆದರೆ ಅದೇ ಕಡಲತಡಿ, ಅದೇ ಶಾಫಿಈ ಮದ್‌ಹಬ್. ನನ್ನ ಉಮ್ಮನನ್ನು ನಾಲ್ಕನೇ ಕ್ಲಾಸಿಗೆ ಬಿಡಿಸಿದಾಗ ಹೇಳಿದ ಕಾರಣ 'ನಮ್ಮಲ್ಲಿ ಹೆಣ್ಣುಮಕ್ಕಳು ಓದುವ ಕ್ರಮ ಇಲ್ಲ' ಎಂಬುದು. ಕ್ರಮ ಯಾವಾಗಿನಿಂದ ಇಲ್ಲ ಎಂದು ಯಾರೂ ಕೇಳಲಿಲ್ಲ. ಉಮ್ಮನಿಗೆ ಈ 13 ಶಾಲೆಗಳ ಸಂಗತಿಯನ್ನು ಬ್ಯಾರಿಯಲ್ಲಿ ಹೇಳಿದಾಗ ಅವರು ಮೀನು ಕೊಯ್ಯುವುದನ್ನು ನಿಲ್ಲಿಸಿ, 'ಆ ಮನುಷ್ಯ ಸುಳ್ಳು ಹೇಳಿರಲಿಕ್ಕಿಲ್ಲ ಅಲ್ವಾ?' ಎಂದು ಎರಡು ಸಲ ಕೇಳಿದರು.

ಒಳ್ಳೆಯ ಪ್ರಶ್ನೆ. ಅವರ ಊರಿನವರಿಗೂ ಆ ಅನುಮಾನ ಬಂದಿತ್ತು. ಮೊರೊಕ್ಕೊಕ್ಕೆ ಮರಳಿದ ಮೇಲೆ ಫೆಝ್ ಪಟ್ಟಣದ ಸುಲ್ತಾನ ಅಬೂ ಇನಾನ್ ಈ ಅನುಭವಗಳನ್ನು ಬರೆಸಿದ. ಇಬ್ನ್ ಬತೂತ ಹೇಳುತ್ತಾ ಹೋದರು, ಇಬ್ನ್ ಜುಝೈ ಎಂಬ ವಿದ್ವಾಂಸರು ಬರೆದರು. 1355ರ ಕೊನೆಗೆ ಹೇಳಿ ಮುಗಿಯಿತು. ಮಕ್ಕಾ, ದಮಸ್ಕದ ವರ್ಣನೆಗಳಲ್ಲಿ ಇಬ್ನ್ ಜುಝೈಯವರು ಹಳೆಯ ಇಬ್ನ್ ಜುಬೈರರ ಪುಸ್ತಕದಿಂದ ಧಾರಾಳವಾಗಿ ಎತ್ತಿಕೊಂಡಿದ್ದಾರೆ. ಚೀನಾದ ಭಾಗದ ಬಗ್ಗೆಯೂ ವಿದ್ವಾಂಸರಿಗೆ ಸಂಶಯಗಳಿವೆ. ಆಸ್ಥಾನದವರು ಆಗಲೇ ಹಿಂದಿನಿಂದ ಸುಳ್ಳುಗಾರ ಎನ್ನುತ್ತಿದ್ದರು ಎಂದು ಇತಿಹಾಸಕಾರ ಇಬ್ನ್ ಖಲ್ದೂನ್ ಬರೆಯುತ್ತಾರೆ. ತಾನೂ ನಂಬಲಿಲ್ಲವೆಂದು ಅವರು ವಝೀರನಿಗೆ ಹೇಳಿದಾಗ ವಝೀರ ಒಂದು ಕಥೆ ಹೇಳಿದನಂತೆ. ಸೆರೆಮನೆಯಲ್ಲೇ ಬೆಳೆದ ಒಬ್ಬ ಹುಡುಗ, ತಿನ್ನುವ ಮಾಂಸ ಯಾವುದರದ್ದು ಎಂದು ತಂದೆಯನ್ನು ಕೇಳುತ್ತಾನೆ. ಕುರಿಯದ್ದು ಎಂದು ತಂದೆ ಕುರಿಯನ್ನು ವರ್ಣಿಸುತ್ತಾನೆ. 'ಎಂದರೆ ಇಲಿಯ ಹಾಗೆಯಾ?' ಎನ್ನುತ್ತಾನೆ ಹುಡುಗ. ಅವನು ಕಂಡ ಪ್ರಾಣಿ ಇಲಿ ಒಂದೇ.

ನೆನಪಿನಿಂದ ಹೇಳಿದ್ದಾದ್ದರಿಂದ ಸಂಖ್ಯೆಗಳು ಆಚೀಚೆ ಇರಬಹುದು. ಆದರೆ ಉಪ್ಪಿನಕಾಯಿ ಹಾಕಿದ ಮೆಣಸನ್ನು ಕಾಣದೆ ಹೇಳಲು ಸಾಧ್ಯವಿಲ್ಲ.

ಮಂಗಳೂರಿಗೆ ಅವರು ಬಂದ ರೀತಿಯೂ ಹಾಗೆಯೇ ಕಣ್ಣಿಗೆ ಕಟ್ಟುತ್ತದೆ. ದೊಡ್ಡ ಅಳಿವೆಯ ದಂಡೆಯ ದೊಡ್ಡ ಪಟ್ಟಣ, ಪರ್ಶಿಯ ಮತ್ತು ಯಮನ್‌ನ ವರ್ತಕರು ಹೆಚ್ಚಾಗಿ ಇಳಿಯುವ ಸ್ಥಳ, ಕರಿಮೆಣಸು ಮತ್ತು ಶುಂಠಿ ಯಥೇಚ್ಛ. ಅರಸನ ಹೆಸರು ರಾಮದೇವ. ಮುಸ್ಲಿಮರು ಸುಮಾರು 4000 ಮಂದಿ, ಪಟ್ಟಣದ ಬದಿಯಲ್ಲಿ ತಮ್ಮದೇ ಕೇರಿಯಲ್ಲಿ ವಾಸ. ಖಾಝಿ ಬದ್ರುದ್ದೀನ್ ಹಡಗಿಗೇ ಬಂದು ದಡಕ್ಕೆ ಕರೆದರು. ಅರಸನ ಮಗ ಒತ್ತೆಯಾಗಿ ಹಡಗಿನಲ್ಲಿ ಇದ್ದರೆ ಮಾತ್ರ ಇಳಿಯುತ್ತೇವೆ ಎಂದರು ಇವರು, ಬಾರಕೂರಿನಲ್ಲಿ ಹಾಗೆಯೇ ಆಗಿತ್ತಂತೆ. ಅದಕ್ಕೆ ಖಾಝಿ, 'ಅಲ್ಲಿಯ ಮುಸ್ಲಿಮರಿಗೆ ಬಲವಿಲ್ಲ, ಇಲ್ಲಿ ಅರಸನೇ ನಮಗೆ ಹೆದರುತ್ತಾನೆ' ಎಂಬರ್ಥದ ಮಾತು ಹೇಳಿದರು. ನಮ್ಮವರ ಜಂಬ ನೋಡಿ! ಇಬ್ನ್ ಬತೂತ ಜಂಬಕ್ಕೆ ಮರುಳಾಗಲಿಲ್ಲ. ಮಗ ಬಂದ ಮೇಲೆಯೇ ಇಳಿದು, ಮೂರು ದಿನ ಮರ್ಯಾದೆ ಸ್ವೀಕರಿಸಿ ಹೋದರು. ಮುಸ್ಲಿಮರಿಗೂ ಪಟ್ಟಣದವರಿಗೂ ಆಗಾಗ ಜಗಳವಾಗುತ್ತದೆ, ವರ್ತಕರು ಬೇಕಾದ್ದರಿಂದ ಅರಸ ರಾಜಿ ಮಾಡಿಸುತ್ತಾನೆ ಎಂದೂ ಬರೆದಿಟ್ಟರು. ಹಳೆಯ ಕಾಲವೆಂದರೆ ಬರೀ ಸೌಹಾರ್ದ ಎಂದು ಭಾಷಣ ಮಾಡುವವರೂ, ಬರೀ ಹೊಡೆದಾಟ ಎಂದು ಭಾಷಣ ಮಾಡುವವರೂ ಈ ಒಂದು ವಾಕ್ಯವನ್ನು ಓದಬೇಕು.

ಈ ಕರಾವಳಿಯ ದಾರಿಯ ಬಗ್ಗೆ ಅವರಿಗೆ ಬೆರಗೋ ಬೆರಗು. ಗೋವಾದಿಂದ ಕೊಲ್ಲಂವರೆಗೆ ಎರಡು ತಿಂಗಳ ಹಾದಿ, ಉದ್ದಕ್ಕೂ ಮರದ ನೆರಳು. ಅರ್ಧರ್ಧ ಮೈಲಿಗೆ ಒಂದು ಮರದ ಮನೆ, ಕೂರಲು ಜಗಲಿ, ಬದಿಯಲ್ಲಿ ಬಾವಿ. ಕದ್ದವನಿಗೆ ಮರಣದಂಡನೆ, ಕದ್ದದ್ದು ಒಂದೇ ಕಾಯಿಯಾದರೂ ಸರಿ. ಬಿದ್ದ ಹಣ್ಣನ್ನು ಮಾಲಕನಲ್ಲದೆ ಬೇರೆಯವರು ಮುಟ್ಟುವುದಿಲ್ಲ. ಇದಕ್ಕಿಂತ ಸುರಕ್ಷಿತ ದಾರಿಯನ್ನು ತಾನು ಕಂಡಿಲ್ಲ ಎನ್ನುತ್ತಾರೆ. ರಾತ್ರಿ ಎದುರಾದ ಹಿಂದೂಗಳು ಇವರು ದಾಟುವವರೆಗೆ ಬದಿಗೆ ಸರಿದು ನಿಲ್ಲುತ್ತಿದ್ದರಂತೆ. ಆದರೆ ಆ ಬಾವಿಯ ಹತ್ತಿರ ನೀರು ಕೊಡುವವನು ತನ್ನವರಿಗೆ ಪಾತ್ರೆಯಲ್ಲಿ ಕೊಡುತ್ತಾನೆ, ಮುಸ್ಲಿಮನಾದರೆ ಬೊಗಸೆಗೆ ಹೊಯ್ಯುತ್ತಾನೆ, ಸಾಕು ಎನ್ನುವವರೆಗೆ. ಮುಸ್ಲಿಮ ಮುಟ್ಟಿದ ಪಾತ್ರೆಯನ್ನು ಒಡೆದುಹಾಕುತ್ತಾರೆ, ಇಲ್ಲವೇ ಅವನಿಗೇ ಕೊಟ್ಟುಬಿಡುತ್ತಾರೆ. ಮುಸ್ಲಿಮರ ಮನೆಗಳಿಲ್ಲದ ಕಡೆ ಬಾಳೆ ಎಲೆಯಲ್ಲಿ ಅಡುಗೆ ಬಡಿಸುತ್ತಾರೆ, ಮಿಕ್ಕಿದ್ದು ನಾಯಿಗೂ ಹಕ್ಕಿಗೂ. ಇಬ್ನ್ ಬತೂತ ಇದನ್ನು ಬರೆಯುವಾಗ ಸಿಟ್ಟಾಗುವುದಿಲ್ಲ, ಗೋಗರೆಯುವುದೂ ಇಲ್ಲ. ಹೀಗಿದೆ ಎನ್ನುತ್ತಾರೆ, ಅದೇ ಉಸಿರಿನಲ್ಲಿ ಇಲ್ಲಿ ಮುಸ್ಲಿಮರಿಗೆ ಬಹಳ ಮರ್ಯಾದೆ ಇದೆ ಎಂದೂ ಸೇರಿಸುತ್ತಾರೆ.

ಬೊಗಸೆಯ ನೀರು ನನಗೆ ಹೊಸತಲ್ಲ. ಶಾಲೆಗೆ ಹೋಗುವ ದಾರಿಯಲ್ಲಿ ಒಂದು ದೊಡ್ಡ ಮನೆ. ಬಾಯಾರಿದರೆ ಜಗಲಿಯ ಕೆಳಗೆ ನಿಲ್ಲುತ್ತಿದ್ದೆವು. ಅಲ್ಲಿನ ಅಮ್ಮ ಎತ್ತರದಿಂದ ಹೊಯ್ಯುತ್ತಿದ್ದರು, ಜೊತೆಗೆ ಒಂದು ತುಂಡು ಬೆಲ್ಲ ಕೈಗೆ ಹಾಕುತ್ತಿದ್ದರು. ಬೆಲ್ಲದ ರುಚಿಯೂ ನೆನಪಿದೆ, ಎತ್ತರವೂ ನೆನಪಿದೆ. ಇದನ್ನು ಹಿಂದೊಮ್ಮೆ ಬರೆದು ನಾಲ್ಕು ಜನರಿಂದ ಶಹಬ್ಬಾಸ್ ಅನಿಸಿಕೊಂಡಿದ್ದೆ. ಆಗ ಬರೆಯದೆ ಬಿಟ್ಟದ್ದು ಒಂದಿದೆ. ನಮ್ಮ ಮನೆಯ ಹಿತ್ತಲಿನಲ್ಲಿ, ಬಚ್ಚಲಿನ ಮಾಡಿಗೆ ಸಿಕ್ಕಿಸಿದ ಒಂದು ಗೆರಟೆ ಇರುತ್ತಿತ್ತು. ತೋಟಕ್ಕೆ ಗೊಬ್ಬರ ಹೊರಲು ಬರುತ್ತಿದ್ದ ಹೆಂಗಸಿಗೆ ಉಮ್ಮಾಮ ಚಾ ಕೊಡುತ್ತಿದ್ದದ್ದು ಅದರಲ್ಲಿ. ಐದು ಹೊತ್ತು ನಮಾಝ್ ಮಾಡುತ್ತಿದ್ದ, ಮಕ್ಕಾದಲ್ಲಿ ಅರಸನೂ ಆಳೂ ಒಂದೇ ಬಟ್ಟೆ ಉಡುತ್ತಾರೆಂದು ನಮಗೆ ಕಥೆ ಹೇಳುತ್ತಿದ್ದ ಉಮ್ಮಾಮ. ನಮ್ಮ ದೀನಿನಲ್ಲಿ ಆ ಗೆರಟೆಗೆ ಜಾಗವಿರಲಿಲ್ಲ, ನಮ್ಮ ಹಿತ್ತಲಿನಲ್ಲಿ ಇತ್ತು. ಆ ಹೆಂಗಸಿನ ಹೆಸರು ನನಗೆ ನೆನಪಿಲ್ಲ.

ಇಬ್ನ್ ಬತೂತರೂ ಬೊಗಸೆಗೆ ನೀರು ಹೊಯ್ದವನ ಹೆಸರು ಕೇಳಲಿಲ್ಲ. ಅವರಿಗೆ ಅವನು 'ಕಾಫಿರ್', ಅಷ್ಟೇ. ಅವರ ಕಣ್ಣಿಗೂ ಮಿತಿಯಿತ್ತು. ಗುಲಾಮರನ್ನು ಕೊಳ್ಳುವುದು ಅವರಿಗೆ ಬಟ್ಟೆ ಕೊಂಡಷ್ಟೇ ಸಲೀಸು. ಮಾಲ್ದೀವಿನಲ್ಲಿ ಖಾಝಿಯಾದಾಗ ಒಬ್ಬ ಕಳ್ಳನ ಕೈ ಕಡಿಸಲು ಆಜ್ಞೆ ಮಾಡಿದರೆ, ಅಲ್ಲಿದ್ದ ಮುಸ್ಲಿಮರಲ್ಲೇ ಹಲವರು ಮೂರ್ಛೆ ಹೋದರು. ಅಲ್ಲಿಯ ಹೆಂಗಸರು ಎದೆ ಮುಚ್ಚುವಂತೆ ಮಾಡಲು ಹೋಗಿ ಸೋತರು. ಸೋತೆ ಎಂದು ತಾವೇ ಬರೆಸಿದರು. ನನಗೆ ಅವರ ಮೇಲೆ ಪ್ರೀತಿ ಬರುವುದು ಇಂಥ ಕಡೆ.

ಮಲಬಾರಿನಲ್ಲಿ ಪಟ್ಟ ಅಳಿಯನಿಗೆ, ಸೋದರಿಯ ಮಗನಿಗೆ ಹೋಗುತ್ತದೆ ಎಂಬುದು ಅವರಿಗೆ ಬಹಳ ವಿಚಿತ್ರವಾಗಿ ಕಂಡಿತ್ತು. ನಮ್ಮ ತುಳುನಾಡಿನ ಅಳಿಯಕಟ್ಟು ಅದೇ ತಾನೆ. ಹತ್ತು ವರ್ಷ ಕಳೆದು ಸಹಾರಾ ಮರುಭೂಮಿ ದಾಟಿ ವಲಾತಾ ಎಂಬ ಊರಿಗೆ ಹೋದಾಗ, ಮಸ್ಸೂಫಾ ಎಂಬ ಬುಡಕಟ್ಟಿನವರಲ್ಲಿ ಅದೇ ಕ್ರಮ ಕಂಡು, ಇದನ್ನು ಮಲಬಾರಿನಲ್ಲಿ ಮಾತ್ರ ನೋಡಿದ್ದೆ ಎಂದು ನೆನಪಿಸಿಕೊಳ್ಳುತ್ತಾರೆ. ವ್ಯತ್ಯಾಸ ಒಂದೇ, ಮಸ್ಸೂಫಾಗಳು ನಮಾಝ್ ಮಾಡುವ, ಕುರ್‌ಆನ್ ಬಾಯಿಪಾಠ ಮಾಡುವ ಮುಸ್ಲಿಮರು. ಮುಸ್ಲಿಮರಾಗಿಯೂ ಹೀಗಿರಬಹುದೇ ಎಂದು ಅವರಿಗೆ ಬೆರಗು. ಕಾಸರಗೋಡಿನಿಂದ ಕಣ್ಣೂರಿನವರೆಗಿನ ಮಾಪಿಳ್ಳೆ ತರವಾಡುಗಳಲ್ಲಿ, ಪುದಿಯಾಪ್ಳ ಹೆಂಡತಿಯ ಮನೆಗೆ ಬರುವ ನಮ್ಮ ಮದುವೆಗಳಲ್ಲಿ ಒಂದು ದಿನ ಕೂತು ಹೋಗಿದ್ದರೆ ಆ ಬೆರಗು ಇಲ್ಲೇ ಮುಗಿಯುತ್ತಿತ್ತು.

ಆದರೆ ಅವರು ಕೂರಲಿಲ್ಲ. ನಮಗೆ ಕಾಸರಗೋಡು ಕಡೆಯವರಿಗೆ ಇರುವ ಬೇಸರ ಅದು. ಮಂಗಳೂರು ಬಿಟ್ಟವರು ಎರಡು ದಿನದಲ್ಲಿ ಹೀಲಿ, ಎಂದರೆ ಏಳಿಮಲೆ, ತಲುಪಿದರು. ಅಲ್ಲಿಯ ಮಸೀದಿಗೆ ನಾವಿಕರು ಹರಕೆ ಹೊರುತ್ತಾರೆ, ದಾರಿಹೋಕರಿಗೆ ಅಡುಗೆಮನೆ ಇದೆ, ಮೊಗದಿಶುವಿನಿಂದ ಬಂದ ಒಬ್ಬ ಪಂಡಿತ ಸಿಕ್ಕಿದರು ಎಂದೆಲ್ಲ ಹೇಳುತ್ತಾರೆ. ನಡುವೆ ಮಂಜೇಶ್ವರ, ಕುಂಬಳೆ, ಮಾಲಿಕ್ ದೀನಾರರ ಹೆಸರಿನ ಮಸೀದಿಯಿರುವ ತಳಂಗರೆ, ಯಾವುದೂ ಇಲ್ಲ. ಮಾಲಿಕ್ ದೀನಾರರ ತಂಡ ಕಟ್ಟಿಸಿದ ಮಸೀದಿಗಳ ಪಟ್ಟಿಯಲ್ಲಿ ಬಾರಕೂರು, ಮಂಗಳೂರುಗಳ ಜೊತೆ ಕಾಸರಗೋಡನ್ನು ಸೇರಿಸಿದ್ದು 16ನೇ ಶತಮಾನದಲ್ಲಿ ಪೊನ್ನಾನಿಯ ಝೈನುದ್ದೀನ್ ಮಖ್ದೂಮರು. ಇಬ್ನ್ ಬತೂತರ ಹಡಗು ನಮ್ಮ ತೆಂಗಿನ ಸಾಲಿನ ಎದುರೇ ಹಾದುಹೋಗಿರಬೇಕು. ಬಹುಶಃ ಅವರು ಮಲಗಿದ್ದರು.

ಕಲ್ಲಿಕೋಟೆಯಲ್ಲಿ ಜುಮಾ ನಮಾಝಿಗೆಂದು ದಡದಲ್ಲೇ ಉಳಿದದ್ದರಿಂದ ಅವರ ಜೀವ ಉಳಿಯಿತು, ಉಡುಗೊರೆ ಹೊತ್ತ ಹಡಗು ಬಿರುಗಾಳಿಗೆ ಒಡೆಯಿತು. ಆಮೇಲಿನ ಅಲೆದಾಟದಲ್ಲಿ, ಕೊಲ್ಲಂನಿಂದ ಉತ್ತರಕ್ಕೆ ಬರುವಾಗ, ಹೊನ್ನಾವರಕ್ಕೂ ಬಾರಕೂರಿಗೂ ನಡುವಿನ ಒಂದು ಸಣ್ಣ ದ್ವೀಪದ ಹತ್ತಿರ 12 ಹಡಗುಗಳಲ್ಲಿ ಬಂದ ಕಡಲ್ಗಳ್ಳರು ಮೈಮೇಲಿನ ಪಾಯಿಜಾಮ ಒಂದನ್ನು ಬಿಟ್ಟು ಉಳಿದದ್ದೆಲ್ಲವನ್ನೂ ದೋಚಿದರು. ಸಿಂಹಳದ ಮಾಣಿಕ್ಯಗಳು ಹೋದವು. ಬುಖಾರಾದಲ್ಲಿ ವಿದ್ವಾಂಸರ ಗೋರಿಗಳ ಮೇಲಿನ ಬರಹಗಳನ್ನು ಅವರು ನಕಲು ಮಾಡಿಕೊಂಡಿದ್ದರು. ಹಿಂದೂಸ್ಥಾನದ ಕಡಲಿನಲ್ಲಿ ಸುಲಿಗೆಯಾದಾಗ ಅವೂ ಹೋದವು ಎಂದು ಪುಸ್ತಕದ ಬೇರೊಂದು ಕಡೆ ಹೇಳಿಕೊಳ್ಳುತ್ತಾರೆ. ಕಲ್ಲಿಕೋಟೆಗೆ ಮರಳಿ ಮಸೀದಿ ಹೊಕ್ಕಾಗ, ಒಬ್ಬರು ನಿಲುವಂಗಿ ಕಳಿಸಿದರು, ಖಾಝಿ ಮುಂಡಾಸು ಕಳಿಸಿದರು.

ಇಷ್ಟನ್ನು ಓದಿ ಮುಗಿಸಿದ ಮೇಲೆ ಉಪ್ಪಾಪನ ಲೆಕ್ಕದ ಪುಸ್ತಕವನ್ನು ಮತ್ತೆ ತೆಗೆದೆ. ಈ ಸಲ ನಿಧಾನವಾಗಿ, ಬೆರಳಿಟ್ಟು ಓದಿದೆ. ಒಣಮೀನಿನ ವ್ಯಾಪಾರಿ ಜಿದ್ದಾದ ಮೀನಿನ ಪೇಟೆಯಲ್ಲಿ ಮೂರು ಬಗೆಯ ಮೀನಿನ ದರ ಬರೆದುಕೊಂಡಿದ್ದರು. ಒಂದರ ಹೆಸರು ಗೊತ್ತಾಗದೆ, ಬಾಲದ ಆಕಾರವನ್ನು ಪೆನ್ಸಿಲಿನಲ್ಲಿ ಗೀಚಿದ್ದರು. ಮೊದಲ ಸಲ ಓದುವಾಗ ನಾನು ಅದನ್ನು ಶಾಯಿಯ ಕಲೆ ಎಂದುಕೊಂಡಿದ್ದೆ.

ಅರಫಾದ ದಿನದ ಪುಟದಲ್ಲಿ ಬರೀ ಮೂರು ಸಾಲು. ಮೊದಲನೆಯದು ಕೊಡೆಯ ಬಾಡಿಗೆ. ಎರಡನೆಯದನ್ನು ಬ್ಯಾರಿಯಿಂದ ಕನ್ನಡಕ್ಕೆ ಹಾಕುವುದಾದರೆ ಹೀಗೆ: 'ಕಪ್ಪು ಮನುಷ್ಯ ಒಬ್ಬ ತಾನು ಕುಡಿದ ಲೋಟದಲ್ಲೇ ನನಗೂ ನೀರು ಕೊಟ್ಟ. ಊರು ಕೇಳಲಿಕ್ಕೆ ಭಾಷೆ ಬರಲಿಲ್ಲ.' ಆ ಸಾಲಿನ ಎದುರು, ದುಡ್ಡು ಬರೆಯುವ ಕಡೆ, ಒಂದು ಗೆರೆ ಎಳೆದಿದ್ದಾರೆ.

ಮೂರನೆಯದು ಕಿತ್ತಳೆ, ಅರ್ಧ ರಿಯಾಲ್.